ಬ್ಯಾಂಕ್ ಹೋಯ್ತು, ಸರ್ಕಲ್ ಉಳೀತು: ಗಗನಚುಂಬಿ ಹೆಡ್ ಆಫೀಸುಗಳಿಗೂ ಅಮೀನಗಡದ ಸಾಲಕ್ಕೂ ಏನು ಸಂಬಂಧ?

ಬೆಂಗಳೂರಿನಲ್ಲಿ ಪ್ರತಿಭಟನೆಗೆ ಹೋಗಿ ಅಭ್ಯಾಸ ಇರುವ ಯಾರಿಗಾದರೂ ಮೈಸೂರು ಬ್ಯಾಂಕ್ ಸರ್ಕಲ್ ಗೊತ್ತಿರುತ್ತೆ. ಬಸ್ ಕಂಡಕ್ಟರ್ ಕೂಗುವುದೂ ಅದೇ ಹೆಸರು, ಆಟೋದವರಿಗೆ ಹೇಳುವುದೂ ಅದೇ ಹೆಸರು. ಆದರೆ ಮೈಸೂರು ಬ್ಯಾಂಕ್ ಅನ್ನೋ ಬ್ಯಾಂಕೇ ಈಗ ಇಲ್ಲ. 2017ರ ಏಪ್ರಿಲ್ 1ರಂದು ಅದು ಸ್ಟೇಟ್ ಬ್ಯಾಂಕ್ ಆಫ್ ಇಂಡಿಯಾದೊಳಗೆ ಕರಗಿಹೋಯಿತು. ಕಟ್ಟಡ ಇದೆ, ಸರ್ಕಲ್ ಇದೆ, ಬೋರ್ಡ್ ಮಾತ್ರ ಬೇರೆ.

ಇದನ್ನು ಬರೀ ಹಳೇ ನೆನಪಿನ ವಿಷಯ ಅಂತ ಬಿಟ್ಟುಬಿಡಬಹುದು. ಆದ್ರೆ ಒಂದು ಪ್ರಶ್ನೆ ಕೇಳಿಕೊಂಡರೆ ವಿಷಯ ಬೇರೆಯೇ ಆಗುತ್ತೆ. ಬ್ಯಾಂಕುಗಳು ದೊಡ್ಡ ದೊಡ್ಡ ಹೆಡ್ ಆಫೀಸ್ ಕಟ್ಟಿದ್ದು ಯಾಕೆ? ಆ ಕಟ್ಟಡಗಳಿಂದ ಹೆಸರು ಕಿತ್ತುಹೋದಾಗ ಹೋಗಿದ್ದು ಬರೀ ಹೆಸರೋ, ಇನ್ನೇನಾದರೂ ಹೋಯ್ತೋ? ಇದನ್ನು ನ್ಯೂಯಾರ್ಕಿನಿಂದ ಶುರುಮಾಡಿ ಅಮೀನಗಡದವರೆಗೆ ತರಬೇಕು. ದಾರಿ ಸ್ವಲ್ಪ ಉದ್ದ, ಆದರೆ ಒಂದೇ ದಾರಿ.

ಬ್ಯಾಂಕು ಮುಗಿಲಿಗೆ ಏರಿದ್ದು ಯಾಕೆ?

ಮೊದಲ ಕಾರಣ ಚೆಕ್ಕು. ನೀವು ಒಂದು ಬ್ಯಾಂಕಿನ ಚೆಕ್ ಕೊಟ್ಟಿರಿ, ಪಡೆದವರು ಅದನ್ನು ಇನ್ನೊಂದು ಬ್ಯಾಂಕಿಗೆ ಹಾಕಿದರು. ಆ ಕಾಗದ ಒಂದು ಬ್ಯಾಂಕಿನಿಂದ ಇನ್ನೊಂದಕ್ಕೆ ಕೈಯಲ್ಲೇ ಹೋಗಬೇಕಿತ್ತು. ಹತ್ತಾರು ಬ್ಯಾಂಕುಗಳ ಗುಮಾಸ್ತರು ದಿನಾ ಒಂದು ಕಡೆ ಸೇರಿ, ಚೆಕ್ಕುಗಳನ್ನು ಬದಲಾಯಿಸಿಕೊಂಡು, ಕೊನೆಗೆ ಉಳಿದ ವ್ಯತ್ಯಾಸವನ್ನಷ್ಟೇ ಚುಕ್ತಾ ಮಾಡುವ ವ್ಯವಸ್ಥೆಗೆ ಕ್ಲಿಯರಿಂಗ್ ಹೌಸ್ ಅಂತ ಹೆಸರು. ನ್ಯೂಯಾರ್ಕಿನಲ್ಲಿ ಇದು ಶುರುವಾಗಿದ್ದು 1853ರಲ್ಲಿ. ನಡೆದು ಹೋಗುವ ದೂರದಲ್ಲಿ ಇಲ್ಲದ ಬ್ಯಾಂಕಿಗೆ ಇಲ್ಲಿ ಕೆಲಸ ಕಷ್ಟ. ಹಾಗಾಗಿ ಎಲ್ಲರೂ ವಾಲ್ ಸ್ಟ್ರೀಟಿನ ಸುತ್ತಮುತ್ತಲೇ ಬಂದು ಕೂತರು.

ಎರಡನೇದು ಜಾಗ. ಎಲ್ಲರಿಗೂ ಅದೇ ನಾಲ್ಕು ಬೀದಿ ಬೇಕು ಅಂದ್ರೆ ನೆಲದ ಬೆಲೆ ಏರಲೇಬೇಕು. ಅಗಲಕ್ಕೆ ಹೋಗೋಕೆ ಆಗಲ್ಲ, ಹಾಗಾಗಿ ಎತ್ತರಕ್ಕೆ ಹೋದರು. ಅದಕ್ಕೆ ಬೇಕಾದ ಎರಡು ತಂತ್ರಗಳು ಅಷ್ಟರಲ್ಲಿ ಸಿದ್ಧವಾಗಿದ್ದವು. ಒಂದು, ಜನ ನಂಬಿ ಹತ್ತಬಹುದಾದ ಲಿಫ್ಟ್. ಓಟಿಸ್ ಕಂಪನಿಯ ಮೊದಲ ಪ್ರಯಾಣಿಕ ಲಿಫ್ಟ್ ನ್ಯೂಯಾರ್ಕಿನ ಅಂಗಡಿಯೊಂದರಲ್ಲಿ ಓಡಿದ್ದು 1857ರಲ್ಲಿ. ಇನ್ನೊಂದು, ಲೋಹದ ಚೌಕಟ್ಟು. ಬರೀ ಕಲ್ಲು-ಇಟ್ಟಿಗೆಯಲ್ಲಿ ಎತ್ತರ ಕಟ್ಟಬೇಕಂದ್ರೆ ಕೆಳಗಿನ ಗೋಡೆ ಎಷ್ಟು ದಪ್ಪ ಆಗುತ್ತೆ ಅಂದ್ರೆ ಕೆಳಮಹಡಿಯಲ್ಲಿ ಬಾಡಿಗೆಗೆ ಕೊಡೋಕೆ ಜಾಗವೇ ಉಳಿಯಲ್ಲ. ಭಾರವನ್ನು ಗೋಡೆಯ ಬದಲು ಲೋಹದ ಕಂಬಗಳಿಗೆ ವಹಿಸಿದಾಗ ಆ ಸಮಸ್ಯೆ ತೀರಿತು. 1885ರಲ್ಲಿ ಶಿಕಾಗೋದಲ್ಲಿ ಈ ರೀತಿ ಕಟ್ಟಿದ ಹತ್ತು ಅಂತಸ್ತಿನ ಹೋಮ್ ಇನ್ಶೂರೆನ್ಸ್ ಬಿಲ್ಡಿಂಗನ್ನು ಹಲವರು ಜಗತ್ತಿನ ಮೊದಲ ಗಗನಚುಂಬಿ ಅಂತ ಕರೀತಾರೆ. ಅದು ಒಂದು ವಿಮಾ ಕಂಪನಿಯ ಕಟ್ಟಡ ಅನ್ನೋದು ಆಕಸ್ಮಿಕ ಅಲ್ಲ.

ಮೂರನೇ ಕಾರಣ ನಂಬಿಕೆ. ಬ್ಯಾಂಕಿನ ಬಂಡವಾಳವೇ ನಂಬಿಕೆ. ಇವರು ನಾಳೆ ಓಡಿಹೋಗಲ್ಲ ಅಂತ ಠೇವಣಿ ಇಟ್ಟವರಿಗೆ ಅನ್ನಿಸಬೇಕು. ಅಮೆರಿಕದಲ್ಲಿ ಠೇವಣಿಗೆ ಸರ್ಕಾರಿ ವಿಮೆ ಬಂದಿದ್ದು 1933ರಲ್ಲಿ. ನಮ್ಮಲ್ಲಿ 1960ರಲ್ಲಿ ಕೇರಳದ ಪಾಲಾಯಿ ಸೆಂಟ್ರಲ್ ಬ್ಯಾಂಕ್ ಮುಳುಗಿದ ಮೇಲೆ, 1962ರ ಜನವರಿಯಿಂದ. ಇವತ್ತು ಆ ವಿಮೆಯ ಮಿತಿ 5 ಲಕ್ಷ ರೂಪಾಯಿ. ವಿಮೆ ಇಲ್ಲದ ಕಾಲದಲ್ಲಿ ಅಮೃತಶಿಲೆಯ ಕಂಬ, ಹಿತ್ತಾಳೆ ಬಾಗಿಲು, ಕತ್ತೆತ್ತಿ ನೋಡಬೇಕಾದ ಗೋಪುರ, ಇವೇ ಬ್ಯಾಂಕು ಕೊಡುತ್ತಿದ್ದ ಗ್ಯಾರಂಟಿ. 'ಇಷ್ಟು ಭಾರದ ಕಟ್ಟಡ ಹೊತ್ತುಕೊಂಡು ಯಾರು ಓಡಿಹೋಗ್ತಾರೆ?' ಅನ್ನೋ ತರ್ಕ.

ಎತ್ತರದ ಪೈಪೋಟಿ ಮತ್ತು 1929

ಎತ್ತರಕ್ಕೂ ಒಂದು ಲೆಕ್ಕ ಇದೆ. ಮಹಡಿ ಹೆಚ್ಚಿದಂತೆ ಲಿಫ್ಟ್ ಹೆಚ್ಚಬೇಕು. ಆ ಲಿಫ್ಟುಗಳೆಲ್ಲ ಕೆಳಗಿನ ಮಹಡಿಗಳ ಜಾಗ ತಿನ್ನುತ್ತವೆ. ಒಂದು ಹಂತ ದಾಟಿದ ಮೇಲೆ ಹೊಸ ಮಹಡಿಯಿಂದ ಬರುವ ಬಾಡಿಗೆಗಿಂತ ಖರ್ಚೇ ಜಾಸ್ತಿ. 1930ರಲ್ಲಿ ಅಮೆರಿಕದ ಇಬ್ಬರು ತಜ್ಞರು ಮ್ಯಾನ್‌ಹಟನ್ನಿನ ಒಂದು ಬೆಲೆಬಾಳುವ ನಿವೇಶನವನ್ನು ಉದಾಹರಣೆಯಾಗಿ ಹಿಡಿದು ಲೆಕ್ಕ ಹಾಕಿ, ಅತಿ ಹೆಚ್ಚು ಲಾಭ ಕೊಡುವ ಎತ್ತರ 63 ಅಂತಸ್ತು ಅಂದರು. ಅದರಾಚೆ ಕಟ್ಟೋದು ಜಾಹೀರಾತು.

ಆ ಜಾಹೀರಾತಿನ ಹುಚ್ಚಿಗೆ ಒಳ್ಳೆ ಉದಾಹರಣೆ ವಾಲ್ ಸ್ಟ್ರೀಟಿನ 40ನೇ ನಂಬರಿನ ಕಟ್ಟಡ. ಬ್ಯಾಂಕ್ ಆಫ್ ಮ್ಯಾನ್‌ಹಟನ್ ಹೆಸರಿನಲ್ಲಿ 1930ರಲ್ಲಿ ತೆರೆದ, ಸುಮಾರು 283 ಮೀಟರಿನ, 70 ಅಂತಸ್ತಿನ ಗೋಪುರ. ಜಗತ್ತಿನ ಅತಿ ಎತ್ತರದ ಕಟ್ಟಡ ಆಗಬೇಕು ಅಂತ ಊರ ಇನ್ನೊಂದು ಕಡೆ ಏಳುತ್ತಿದ್ದ ಕ್ರೈಸ್ಲರ್ ಬಿಲ್ಡಿಂಗ್ ಜೊತೆ ಪೈಪೋಟಿಗೆ ಬಿದ್ದಿತ್ತು. ಕ್ರೈಸ್ಲರ್‌ನವರು ಕಟ್ಟಡದೊಳಗೇ ಗುಟ್ಟಾಗಿ ಒಂದು ಉಕ್ಕಿನ ಶಿಖರ ಜೋಡಿಸಿ, 1929ರ ಅಕ್ಟೋಬರಿನಲ್ಲಿ ದಿಢೀರನೆ ಮೇಲೆತ್ತಿ ನಿಲ್ಲಿಸಿ ಗೆದ್ದುಬಿಟ್ಟರು. ಅದೇ ತಿಂಗಳು ಷೇರುಪೇಟೆ ಕುಸಿಯಿತು. ಎತ್ತರದ ಪಂದ್ಯ ಗೆದ್ದವರೂ ಸೋತವರೂ ಕಟ್ಟಡ ಮುಗಿಸಿದ್ದು ಮಹಾಕುಸಿತದ ಮಧ್ಯೆ.

ಇದಕ್ಕೆ ತದ್ವಿರುದ್ಧ ಉದಾಹರಣೆ ಅದೇ ಬೀದಿಯಲ್ಲಿದೆ. ಆ ಕಾಲದ ಅತ್ಯಂತ ಪ್ರಭಾವಿ ಬ್ಯಾಂಕ್ ಜೆ.ಪಿ. ಮಾರ್ಗನ್. ಅವರು 1914ರಲ್ಲಿ 23, ವಾಲ್ ಸ್ಟ್ರೀಟಿನಲ್ಲಿ ಕಟ್ಟಿಸಿದ್ದು ಬರೀ ನಾಲ್ಕು ಅಂತಸ್ತಿನ ಕಟ್ಟಡ. ಬಾಗಿಲಿಗೆ ಹೆಸರೂ ಹಾಕಿಸಲಿಲ್ಲ. ಅತಿ ದುಬಾರಿ ನೆಲದ ಮೇಲೆ ಗಿಡ್ಡ ಕಟ್ಟಡ ಇಟ್ಟುಕೊಳ್ಳೋದೇ ನಿಜವಾದ ದೌಲತ್ತು. 1920ರ ಸೆಪ್ಟೆಂಬರಿನಲ್ಲಿ ಅದರ ಮುಂದೆ ಬಾಂಬ್ ಸಿಡಿದು ಮೂವತ್ತಕ್ಕೂ ಹೆಚ್ಚು ಜನ ಸತ್ತರು. ಗೋಡೆಯ ಮೇಲಿನ ಗಾಯದ ಗುರುತುಗಳನ್ನು ಬ್ಯಾಂಕ್ ಮುಚ್ಚಿಸಲಿಲ್ಲ, ಇವತ್ತಿಗೂ ಕಾಣ್ತವೆ.

ಈಗ ಆ ಗೋಪುರಗಳು ಏನಾಗಿವೆ? ಇರ್ವಿಂಗ್ ಟ್ರಸ್ಟ್ ಬ್ಯಾಂಕಿನ 1, ವಾಲ್ ಸ್ಟ್ರೀಟ್ ಕಟ್ಟಡ ಈಗ 560ಕ್ಕೂ ಹೆಚ್ಚು ಮನೆಗಳ ಅಪಾರ್ಟ್‌ಮೆಂಟ್. ಸಿಟಿ ಬ್ಯಾಂಕ್ ಫಾರ್ಮರ್ಸ್ ಟ್ರಸ್ಟಿನ ಗೋಪುರವೂ ಅಪಾರ್ಟ್‌ಮೆಂಟ್. 40, ವಾಲ್ ಸ್ಟ್ರೀಟನ್ನು 1995ರಲ್ಲಿ ಡೊನಾಲ್ಡ್ ಟ್ರಂಪ್ ಲೀಸಿಗೆ ಹಿಡಿದು ತನ್ನ ಹೆಸರು ಬರೆಸಿಕೊಂಡರು. ಚೇಸ್ ಮ್ಯಾನ್‌ಹಟನ್ ಬ್ಯಾಂಕಿನ 60 ಅಂತಸ್ತಿನ ಹೆಡ್ ಆಫೀಸನ್ನು 2013ರಲ್ಲಿ ಚೀನಾದ ಫೋಸನ್ ಕಂಪನಿ ಕೊಂಡಿತು. ಚೆಕ್ಕು ಕೈಯಲ್ಲಿ ಒಯ್ಯುವ ಕಾಲ ಮುಗಿದ ಮೇಲೆ ಬ್ಯಾಂಕುಗಳಿಗೆ ಅಕ್ಕಪಕ್ಕ ಕೂರುವ ಅಗತ್ಯವೇ ಇರಲಿಲ್ಲ. ಆದ್ರೆ ಗಮನಿಸಿ: ಕಟ್ಟಡ ಬಿಟ್ಟರೂ ಅಧಿಕಾರ ನ್ಯೂಯಾರ್ಕ್ ಬಿಟ್ಟು ಹೋಗಲಿಲ್ಲ. ಜೆ.ಪಿ. ಮಾರ್ಗನ್ ಚೇಸ್ 2025ರಲ್ಲಿ ಅದೇ ಊರಿನ ಪಾರ್ಕ್ ಅವೆನ್ಯೂದಲ್ಲಿ 60 ಅಂತಸ್ತಿನ ಹೊಸ ಹೆಡ್ ಆಫೀಸ್ ತೆರೆಯಿತು. ಸುಮಾರು ಆರು ಕಿಲೋಮೀಟರ್ ಆಚೆಗೆ, ಅಷ್ಟೇ.

ನಮ್ಮ ಐದು ಬ್ಯಾಂಕುಗಳು

ಕರ್ನಾಟಕದ ಕಥೆ ಉಲ್ಟಾ. ಇಲ್ಲಿ ಕಟ್ಟಡಗಳು ಇದ್ದಲ್ಲೇ ಇವೆ, ಅಧಿಕಾರ ಊರು ಬಿಟ್ಟಿದೆ.

ನಮ್ಮಲ್ಲಿ ವಾಲ್ ಸ್ಟ್ರೀಟ್ ತರಹದ ಬ್ಯಾಂಕ್ ಗೋಪುರಗಳ ಸಾಲು ಯಾವತ್ತೂ ಇರಲಿಲ್ಲ. ಬೆಂಗಳೂರಿನ ಹಳೇ ಗಗನಚುಂಬಿ ಅಂದ್ರೆ ಎಂ.ಜಿ. ರಸ್ತೆಯ 25 ಅಂತಸ್ತಿನ ಯುಟಿಲಿಟಿ ಬಿಲ್ಡಿಂಗ್. 1973ರಲ್ಲಿ ಎದ್ದಾಗ ದಕ್ಷಿಣ ಭಾರತದಲ್ಲೇ ಎತ್ತರದ್ದು. ಆದ್ರೆ ಅದು ಬ್ಯಾಂಕಿನದಲ್ಲ, ನಗರಪಾಲಿಕೆಯದ್ದು. ಬ್ಯಾಂಕುಗಳು ಊರ ತುಂಬ ಹರಡಿಕೊಂಡಿದ್ದವು: ಕೆ.ಜಿ. ರಸ್ತೆ-ಅವೆನ್ಯೂ ರಸ್ತೆ ಸೇರುವಲ್ಲಿ ಮೈಸೂರು ಬ್ಯಾಂಕ್, ಜೆ.ಸಿ. ರಸ್ತೆಯಲ್ಲಿ ಕೆನರಾ, ಎಂ.ಜಿ. ರಸ್ತೆಯ ಟ್ರಿನಿಟಿ ಸರ್ಕಲ್ ಬಳಿ ವಿಜಯಾ. ಇನ್ನು ಸಿಂಡಿಕೇಟ್ ಮಣಿಪಾಲದಲ್ಲಿ, ಕಾರ್ಪೊರೇಷನ್ ಮಂಗಳೂರಿನಲ್ಲಿ.

ಇವುಗಳ ಹುಟ್ಟು ನೋಡಿ. 1906ರಲ್ಲಿ ಉಡುಪಿಯಲ್ಲಿ ಹಾಜಿ ಅಬ್ದುಲ್ಲಾ ಸಾಹೇಬರ ಮುಂದಾಳತ್ವದಲ್ಲಿ ಕಾರ್ಪೊರೇಷನ್ ಬ್ಯಾಂಕ್. ಅದೇ ವರ್ಷ ಮಂಗಳೂರಿನಲ್ಲಿ ಅಮ್ಮೆಂಬಳ ಸುಬ್ಬರಾವ್ ಪೈ ಅವರಿಂದ ಕೆನರಾ. 1913ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರ ಆಶ್ರಯದಲ್ಲಿ, ವಿಶ್ವೇಶ್ವರಯ್ಯನವರ ಪ್ರಯತ್ನದಿಂದ ಮೈಸೂರು ಬ್ಯಾಂಕ್. 1925ರಲ್ಲಿ ಉಡುಪಿಯಲ್ಲಿ ಟಿ.ಎಂ.ಎ. ಪೈ, ಉಪೇಂದ್ರ ಪೈ, ವಾಮನ ಕುಡ್ವ ಸೇರಿ ಶುರುಮಾಡಿದ್ದು ಮುಂದೆ ಸಿಂಡಿಕೇಟ್ ಬ್ಯಾಂಕ್ ಆಯಿತು. ಕೈಮಗ್ಗದ ನೇಕಾರರಿಗೆ ಬಂಡವಾಳ ಕೊಡಬೇಕು ಅನ್ನೋದು ಅದರ ಆರಂಭದ ಗುರಿಗಳಲ್ಲಿ ಒಂದು. 1928ರಲ್ಲಿ ಅದು ಪಿಗ್ಮಿ ಶುರುಮಾಡಿತು. ದಿನಕ್ಕೆ ಎರಡಾಣೆಯಾದರೂ ಸರಿ, ಮನೆ ಬಾಗಿಲಿಗೇ ಬಂದು ಕಟ್ಟಿಸಿಕೊಂಡು ಹೋಗುವ ಉಳಿತಾಯ. ಇವತ್ತಿಗೂ ನಮ್ಮ ಸಂತೆ-ಬಜಾರುಗಳಲ್ಲಿ ಪಿಗ್ಮಿ ಅಂದ್ರೆ ಗೊತ್ತಿಲ್ಲದವರಿಲ್ಲ. 1931ರಲ್ಲಿ ಎ.ಬಿ. ಶೆಟ್ಟಿ ಮತ್ತು ಬಂಟ ಸಮುದಾಯದ ಕೃಷಿಕರಿಂದ ವಿಜಯಾ ಬ್ಯಾಂಕ್.

ಮೈಸೂರು ಬ್ಯಾಂಕ್ 1960ರಲ್ಲಿ ಎಸ್‌ಬಿಐನ ಸಹವರ್ತಿ ಬ್ಯಾಂಕ್ ಆಯಿತು. 1969ರಲ್ಲಿ ಕೆನರಾ, ಸಿಂಡಿಕೇಟ್ ರಾಷ್ಟ್ರೀಕರಣ ಆದವು. 1980ರಲ್ಲಿ ವಿಜಯಾ, ಕಾರ್ಪೊರೇಷನ್. ಆಮೇಲೆ ಮೂರೇ ವರ್ಷದಲ್ಲಿ ಪಟ್ಟಿ ಖಾಲಿ ಆಯಿತು. 2017ರಲ್ಲಿ ಮೈಸೂರು ಬ್ಯಾಂಕ್ ಎಸ್‌ಬಿಐಗೆ, 2019ರಲ್ಲಿ ವಿಜಯಾ ಬ್ಯಾಂಕ್ ಆಫ್ ಬರೋಡಾಕ್ಕೆ, 2020ರಲ್ಲಿ ಕಾರ್ಪೊರೇಷನ್ ಯೂನಿಯನ್ ಬ್ಯಾಂಕಿಗೆ, ಅದೇ ದಿನ ಸಿಂಡಿಕೇಟ್ ಕೆನರಾಕ್ಕೆ. ನಾಲ್ಕೂ ನಡೆದಿದ್ದು ಏಪ್ರಿಲ್ 1ರಂದೇ. ನಾಲ್ಕರಲ್ಲಿ ಮೂರು ಬ್ಯಾಂಕುಗಳ ಆಡಳಿತ ಮುಂಬೈ ಸೇರಿತು. ಐದು ಸಾರ್ವಜನಿಕ ಬ್ಯಾಂಕುಗಳಿದ್ದ ರಾಜ್ಯದಲ್ಲಿ ಈಗ ಹೆಡ್ ಆಫೀಸ್ ಇರೋದು ಕೆನರಾ ಒಂದರದ್ದೇ.

ಹೆಡ್ ಆಫೀಸ್ ಅಂದ್ರೆ ಏನು?

'ಎಲ್ಲಿದ್ದರೇನಪ್ಪ, ಫೋನ್‌ನಲ್ಲೇ ದುಡ್ಡು ಹೋಗುತ್ತೆ' ಅನ್ನಬಹುದು. ದುಡ್ಡು ಹೋಗುತ್ತೆ ನಿಜ. ನಿರ್ಧಾರ?

ಬ್ಯಾಂಕಿನಲ್ಲಿ ಸಾಲ ಮಂಜೂರು ಮಾಡುವ ಅಧಿಕಾರಕ್ಕೆ ಮೆಟ್ಟಿಲುಗಳಿವೆ. ಒಂದು ಮೊತ್ತದವರೆಗೆ ಶಾಖೆಯ ಮ್ಯಾನೇಜರ್, ಅದರ ಮೇಲೆ ಪ್ರಾದೇಶಿಕ ಕಚೇರಿ, ಅದರ ಮೇಲೆ ವಲಯ ಕಚೇರಿ, ಕೊನೆಗೆ ಹೆಡ್ ಆಫೀಸ್. ಯಾವ ಮೆಟ್ಟಿಲಿಗೆ ಎಷ್ಟು ಅಧಿಕಾರ ಅಂತ ಬರೆಯೋದು ಹೆಡ್ ಆಫೀಸ್. ಯಾವ ಉದ್ಯಮಕ್ಕೆ ಯಾವ ಸಾಲದ ಯೋಜನೆ, ಎಷ್ಟು ಭದ್ರತೆ ಕೇಳಬೇಕು, ಯಾವ ಶಾಖೆ ಮುಚ್ಚಬೇಕು, ಎಲ್ಲಿ ಹೊಸದು ತೆರೆಯಬೇಕು ಅನ್ನೋದೂ ಅಲ್ಲೇ.

ಈಗ ಅಮೀನಗಡಕ್ಕೆ ಬನ್ನಿ. ಹುನಗುಂದ ಭಾಗದ ಈ ಪಟ್ಟಣ ಹೊರಗಿನವರಿಗೆ ಗೊತ್ತಿರೋದು ಕರದಂಟಿನಿಂದ. ಸ್ವಲ್ಪ ವ್ಯಾಪಾರ ಬಲ್ಲವರಿಗೆ ಇಲ್ಲಿನ ಕುರಿ ಸಂತೆ ಗೊತ್ತು. ಪಕ್ಕದ ಸೂಳೇಭಾವಿಯಲ್ಲಿ ಮಗ್ಗಗಳು, ಆ ಕಡೆ ಇಳಕಲ್ ಸೀರೆ, ಈ ಕಡೆ ಗುಳೇದಗುಡ್ಡದ ಖಣ. ಈ ವ್ಯವಹಾರಗಳ ಸ್ವಭಾವ ನೋಡಿ. ಕುರಿ ಸಂತೆಯಲ್ಲಿ ದುಡ್ಡು ಬೇಕಾಗೋದು ಬೆಳಿಗ್ಗೆ, ವಾಪಸ್ ಬರೋದು ವಾರಕ್ಕೋ ತಿಂಗಳಿಗೋ. ನೇಕಾರನಿಗೆ ನೂಲು ಮೊದಲು, ಸೀರೆ ಮಾರಾಟ ಆಮೇಲೆ. ಕರದಂಟು ಮಾಡುವವರಿಗೆ ಹಬ್ಬ-ಮದುವೆ ಸೀಸನ್ನಿಗೆ ಮುಂಚೆ ಅಂಟು, ಒಣಕೊಬ್ಬರಿ, ಬೆಲ್ಲ, ಗೋಡಂಬಿ ತುಂಬಿಸಿಕೊಳ್ಳಬೇಕು. ಸಂಬಳದ ಸ್ಲಿಪ್ ಯಾರ ಹತ್ರಾನೂ ಇಲ್ಲ. ಕಂಪ್ಯೂಟರ್ ಕೇಳುವ ಖಾನೆಗಳಲ್ಲಿ ಇವರ ವ್ಯವಹಾರ ಕೂರಲ್ಲ. ಇಂಥವರಿಗೆ ಸಾಲ ಕೊಡಬೇಕಂದ್ರೆ ಯಾರೋ ಒಬ್ಬರು ಇವರ ಕಸುಬು ನೋಡಿ ತಿಳಿದಿರಬೇಕು, ಅವರ ಮಾತಿಗೆ ಮೇಲಿನ ಮೆಟ್ಟಿಲಲ್ಲಿ ಬೆಲೆ ಇರಬೇಕು. ಮೆಟ್ಟಿಲು ಹೆಚ್ಚಾದಷ್ಟೂ ಮಾತು ಸಣ್ಣದಾಗ್ತಾ ಹೋಗುತ್ತೆ.

ವಿಜಾಪುರ, ಧಾರವಾಡ, ಬಳ್ಳಾರಿ

ಇದಕ್ಕೇ ಅಂತ ಒಂದು ವ್ಯವಸ್ಥೆ ಮಾಡಿದ್ದರು: ಗ್ರಾಮೀಣ ಬ್ಯಾಂಕ್. 1975ರಲ್ಲಿ ಶುರುವಾದ ಈ ಬ್ಯಾಂಕುಗಳ ಕಲ್ಪನೆ ಸರಳ. ಒಂದೆರಡು ಜಿಲ್ಲೆಗೆ ಒಂದು ಬ್ಯಾಂಕ್, ಅದಕ್ಕೆ ಸ್ಥಳೀಯ ಸ್ವಭಾವ. ಬಂಡವಾಳದಲ್ಲಿ ಕೇಂದ್ರ ಸರ್ಕಾರದ್ದು 50%, ಪ್ರಾಯೋಜಕ ಬ್ಯಾಂಕಿನದು 35%, ರಾಜ್ಯ ಸರ್ಕಾರದ್ದು 15%.

ಬಾಗಲಕೋಟೆ ಅವಿಭಜಿತ ವಿಜಾಪುರ ಜಿಲ್ಲೆಯಲ್ಲಿದ್ದಾಗ ಈ ಭಾಗಕ್ಕೆ ಇದ್ದದ್ದು ವಿಜಾಪುರ ಗ್ರಾಮೀಣ ಬ್ಯಾಂಕ್. 2005ರಲ್ಲಿ ಅದು ಮಲಪ್ರಭಾ, ವರದಾ, ನೇತ್ರಾವತಿ ಗ್ರಾಮೀಣ ಬ್ಯಾಂಕುಗಳ ಜೊತೆ ಸೇರಿ ಕರ್ನಾಟಕ ವಿಕಾಸ ಗ್ರಾಮೀಣ ಬ್ಯಾಂಕ್ ಆಯಿತು, ಹೆಡ್ ಆಫೀಸ್ ಧಾರವಾಡ. 2025ರ ಮೇ 1ರಂದು 'ಒಂದು ರಾಜ್ಯ, ಒಂದು ಗ್ರಾಮೀಣ ಬ್ಯಾಂಕ್' ನೀತಿಯಡಿ ದೇಶದ 43 ಗ್ರಾಮೀಣ ಬ್ಯಾಂಕುಗಳು 28ಕ್ಕೆ ಇಳಿದವು. ವಿಕಾಸ ಬ್ಯಾಂಕ್ ಬಳ್ಳಾರಿಯ ಕರ್ನಾಟಕ ಗ್ರಾಮೀಣ ಬ್ಯಾಂಕಿನೊಂದಿಗೆ ಒಂದಾಯಿತು, ಹೆಡ್ ಆಫೀಸ್ ಬಳ್ಳಾರಿ. ಅಂದ್ರೆ ಇಪ್ಪತ್ತು ವರ್ಷದಲ್ಲಿ ಹುನಗುಂದ ಸೀಮೆಯ ಗ್ರಾಮೀಣ ಬ್ಯಾಂಕಿನ ಕೊನೇ ಮೆಟ್ಟಿಲು ಎರಡು ಸಲ ಜಾಗ ಬದಲಿಸಿತು. ಒಂದೆರಡು ಜಿಲ್ಲೆ ನೋಡಿಕೊಳ್ಳಬೇಕಿದ್ದ ಬ್ಯಾಂಕಿಗೆ ಈಗ ಇಡೀ ರಾಜ್ಯ. ಇದ್ಯಾವುದೂ ಗಗನಚುಂಬಿ ಕಟ್ಟಡ ಅಲ್ಲ, ಯಾರೂ ಇದರ ಫೋಟೋ ತೆಗೆಯಲ್ಲ. ಆದರೆ ಸೂಳೇಭಾವಿಯ ಮಗ್ಗದ ಮನೆಗೆ ಬೆಂಗಳೂರಿನ ಟ್ರಿನಿಟಿ ಸರ್ಕಲ್‌ಗಿಂತ ಇದು ಹತ್ತಿರದ ವಿಷಯ.

ವಿಲೀನದ ಪರ ಇರುವವರ ಮಾತು

ವಿಲೀನದ ಪರವಾದ ವಾದ ಸುಮ್ಮನೆ ತಳ್ಳಿಹಾಕುವಂಥದ್ದಲ್ಲ. ಸಣ್ಣ ಬ್ಯಾಂಕಿನ ದೊಡ್ಡ ಅಪಾಯ ಅಂದ್ರೆ ಅದರ ಸಾಲವೆಲ್ಲ ಒಂದೇ ಸೀಮೆಯಲ್ಲಿರುತ್ತೆ. ಎರಡು ವರ್ಷ ಮಳೆ ಕೈಕೊಟ್ಟರೆ ಜಿಲ್ಲೆಯ ಸಾಲಗಾರರೆಲ್ಲ ಒಟ್ಟಿಗೇ ಬೀಳ್ತಾರೆ, ಅವರ ಜೊತೆ ಬ್ಯಾಂಕೂ ಬೀಳುತ್ತೆ. ದೊಡ್ಡ ಬ್ಯಾಂಕಿಗೆ ಒಂದು ಕಡೆಯ ನಷ್ಟವನ್ನು ಇನ್ನೊಂದು ಕಡೆಯ ಲಾಭದಲ್ಲಿ ತುಂಬಿಕೊಳ್ಳೋಕೆ ಆಗುತ್ತೆ. ತಂತ್ರಜ್ಞಾನದ ಖರ್ಚೂ ಹಂಚಿಹೋಗುತ್ತೆ. ಹೆಡ್ ಆಫೀಸ್ ಹತ್ತಿರ ಇದ್ದ ಕಾಲದಲ್ಲಿ ಎಲ್ಲರಿಗೂ ಸಾಲ ಸಿಗ್ತಿತ್ತು ಅನ್ನೋದೂ ಸುಳ್ಳು. ಹತ್ತಿರದ ಬ್ಯಾಂಕಿನಲ್ಲಿ ಜಾತಿ, ಪರಿಚಯ, ರಾಜಕಾರಣ ಎಲ್ಲವೂ ಹತ್ತಿರವೇ ಇರುತ್ತೆ.

ಆದ್ರೆ ಈ ವಾದ ಎಲ್ಲ ವಿಲೀನಕ್ಕೂ ಹೊಂದಲ್ಲ. 2019ರಲ್ಲಿ ಲಾಭದಲ್ಲಿದ್ದ ವಿಜಯಾ ಬ್ಯಾಂಕನ್ನು, ಕೆಟ್ಟ ಸಾಲಗಳಿಂದಾಗಿ ಆರ್‌ಬಿಐ ನಿರ್ಬಂಧದಲ್ಲಿದ್ದ ದೇನಾ ಬ್ಯಾಂಕಿನ ಜೊತೆಗೇ ಬರೋಡಾಕ್ಕೆ ಸೇರಿಸಿದರು. ಇನ್ನೊಬ್ಬರ ನಷ್ಟ ತುಂಬೋಕೆ ಒಂದು ಪ್ರದೇಶದ ಗಟ್ಟಿ ಬ್ಯಾಂಕನ್ನು ಬಳಸಿಕೊಂಡಾಗ, ಆ ಪ್ರದೇಶಕ್ಕೆ ಬದಲಿಗೆ ಏನು ಸಿಕ್ಕಿತು ಅಂತ ಕೇಳೋದು ಪ್ರಾದೇಶಿಕ ಅಹಂಕಾರ ಅಲ್ಲ. ಅದು ಲೆಕ್ಕ ಕೇಳೋದು. ಆ ಲೆಕ್ಕ ಕೊಡುವ ಕೆಲಸವನ್ನು ಆಗಿನ ಕೇಂದ್ರ ಸರ್ಕಾರವೂ ಮಾಡಲಿಲ್ಲ, ನಮ್ಮ ಸಂಸದರೂ ಪಟ್ಟುಹಿಡಿದು ಕೇಳಲಿಲ್ಲ.

ಹೆಸರು ಉಳಿಸೋದು ಸಾಕಾ?

ಅಮೀನಗಡದ ನೆರೆಯಲ್ಲೇ ಐಹೊಳೆ ಇದೆ. ನಮಗೆ ಅದು ಶಾಲಾ ಪ್ರವಾಸದ ದುರ್ಗದ ಗುಡಿ. ಆದರೆ ಮಧ್ಯಕಾಲದ ದಕ್ಷಿಣ ಭಾರತದಲ್ಲಿ ಅಯ್ಯಾವೊಳೆಯ ಐನೂರ್ವರು ಅನ್ನೋದು ಬಹುದೊಡ್ಡ ವರ್ತಕರ ಸಂಘದ ಹೆಸರು. ಅದರ ಶಾಸನಗಳು ಕರ್ನಾಟಕದಲ್ಲಷ್ಟೇ ಅಲ್ಲ, ತಮಿಳುನಾಡಿನಲ್ಲೂ ಶ್ರೀಲಂಕಾದಲ್ಲೂ ಇವೆ. ಸುಮಾತ್ರಾ ದ್ವೀಪದ ಬಾರೂಸ್ ಎಂಬಲ್ಲಿ 1088ರ ಒಂದು ತಮಿಳು ಶಾಸನದಲ್ಲೂ ಐನೂರ್ವರ ಉಲ್ಲೇಖ ಇದೆ. ವ್ಯಾಪಾರದ ಕೇಂದ್ರಗಳು ಬೇರೆ ಬೇರೆ ಕಡೆ ಬೆಳೆದವು. ಐಹೊಳೆ ಹೆಸರು ಸಮುದ್ರ ದಾಟಿತು, ಐಹೊಳೆ ಊರು ಹಳ್ಳಿಯಾಗಿ ಉಳಿಯಿತು. ಹೆಸರು ಉಳಿದರೆ ಊರು ಉಳಿಯುತ್ತೆ ಅನ್ನೋ ಖಾತ್ರಿ ಇಲ್ಲ ಅನ್ನೋದಕ್ಕೆ ಇದಕ್ಕಿಂತ ಹತ್ತಿರದ ಸಾಕ್ಷಿ ಬೇಡ.

ಅದಕ್ಕೇ ಬ್ಯಾಂಕಿನ ಹೆಸರು, ಬೋರ್ಡು, ಹಳೇ ಕಟ್ಟಡದ ಬಗ್ಗೆ ಮಾತ್ರ ಭಾವುಕರಾಗಿ ನಿಂತುಬಿಟ್ಟರೆ ಮುಖ್ಯ ಪ್ರಶ್ನೆ ತಪ್ಪಿಹೋಗುತ್ತೆ. ಆ ಪ್ರಶ್ನೆ ಇದು: ನಮ್ಮೂರಿನ ಠೇವಣಿ ನಮ್ಮೂರಿಗೆ ಎಷ್ಟು ಸಾಲವಾಗಿ ವಾಪಸ್ ಬರ್ತಿದೆ?

ಇದನ್ನು ಅಳೆಯೋಕೆ ಒಂದು ಸರಳ ಸಂಖ್ಯೆ ಇದೆ, ಸಾಲ-ಠೇವಣಿ ಅನುಪಾತ. ಒಂದು ಶಾಖೆಯಲ್ಲಿ ಜನ 100 ರೂಪಾಯಿ ಠೇವಣಿ ಇಟ್ಟು, ಅಲ್ಲಿ 60 ರೂಪಾಯಿ ಸಾಲ ಕೊಟ್ಟಿದ್ದರೆ ಅನುಪಾತ 60%. ಗ್ರಾಮೀಣ ಮತ್ತು ಅರೆಪಟ್ಟಣ ಶಾಖೆಗಳಿಗೆ ಆರ್‌ಬಿಐ ಹೇಳಿರುವ ಗುರಿಯೂ 60%ವೇ. ಅದು 30%ಕ್ಕೆ ಇಳಿದಿದ್ದರೆ, ಉಳಿದ ದುಡ್ಡು ಎಲ್ಲೋ ದೊಡ್ಡೂರಿನ ಫ್ಲ್ಯಾಟಿಗೋ ಕಂಪನಿಗೋ ಹೋಗಿದೆ ಅಂತ ಅರ್ಥ. ಈ ಅಂಕಿಗಳು ಗುಟ್ಟಲ್ಲ. ಕೆನರಾ ಬ್ಯಾಂಕ್ ಸಂಚಾಲಕತ್ವದ ರಾಜ್ಯಮಟ್ಟದ ಬ್ಯಾಂಕರುಗಳ ಸಮಿತಿ ಜಿಲ್ಲಾವಾರು ಲೆಕ್ಕವನ್ನು ಪ್ರತಿ ಮೂರು ತಿಂಗಳಿಗೊಮ್ಮೆ ಮಂಡಿಸುತ್ತೆ. ಜಿಲ್ಲೆಯ ಮಟ್ಟದಲ್ಲಿ ಲೀಡ್ ಬ್ಯಾಂಕ್ ಪರಿಶೀಲನಾ ಸಭೆ ನಡೆಯುತ್ತೆ. ಅಲ್ಲಿ ಸಂಸದರಿಗೆ, ಶಾಸಕರಿಗೆ ಕುರ್ಚಿ ಇದೆ.

ಕೇಳಬೇಕಾದ್ದು ಮೂರು. ವಿಲೀನಕ್ಕೆ ಮುಂಚೆ ಮತ್ತು ಆಮೇಲೆ ಬಾಗಲಕೋಟೆ ಜಿಲ್ಲೆಯ ಸಾಲ-ಠೇವಣಿ ಅನುಪಾತ ಎಷ್ಟು? ನೇಕಾರರಿಗೆ, ಸಣ್ಣ ಉದ್ದಿಮೆಗೆ ಶಾಖೆಯ ಮಟ್ಟದಲ್ಲೇ ಮಂಜೂರಾದ ಸಾಲ ಎಷ್ಟು, ಮೇಲಕ್ಕೆ ಕಳಿಸಿದ್ದು ಎಷ್ಟು, ತಿರಸ್ಕಾರ ಆಗಿದ್ದು ಎಷ್ಟು? ಕೌಂಟರಿನಲ್ಲಿ ಕೂತವರಿಗೆ ಕನ್ನಡ ಬರುತ್ತಾ? ಗ್ರಾಮೀಣ ಬ್ಯಾಂಕುಗಳ ನೇಮಕಾತಿ ಪರೀಕ್ಷೆಯನ್ನು ಕನ್ನಡದಲ್ಲೂ ಬರೆಯಬಹುದು ಅಂತ ಕೇಂದ್ರ ಘೋಷಿಸಿದ್ದೇ 2019ರಲ್ಲಿ, ಅದೂ ದೊಡ್ಡ ಒತ್ತಾಯದ ನಂತರ. ಅರ್ಜಿ ತುಂಬೋಕೆ ಪಕ್ಕದವರ ಸಹಾಯ ಬೇಕಾಗುವ ಬ್ಯಾಂಕು ಎಷ್ಟೇ ಹತ್ತಿರ ಇದ್ದರೂ ದೂರವೇ.

ನಿಮ್ಮ ಶಾಸಕರು ಮುಂದಿನ ಸಲ ಊರಿಗೆ ಬಂದಾಗ ರಸ್ತೆ, ಚರಂಡಿ ಜೊತೆ ಈ ಮೂರನ್ನೂ ಕೇಳಿ. ಲೀಡ್ ಬ್ಯಾಂಕ್ ಸಭೆಗೆ ಕೊನೇ ಸಲ ಹೋಗಿದ್ದು ಯಾವಾಗ ಅಂತಾನೂ ಕೇಳಿ.